ಫೋನ್ ಮಾಡಿದವರ ಹೆಸರು ಬರೆದು ಕೊಡ್ರಿ ಸಾಹೇಬ್ರ

ನಮ್ಮ ಕಾಕಾನ ಹೊಲ ಇರೋದು ಉಪಕಾಲುವೆಯ ಕೊನೆಗೆ. ಎಡದಂಡೆ ನಾಲೆಯ ನೀರಿನ ಮೇಲೆ ಬದುಕುವ ಕಾರಟಗಿ ಸೀಮೆಯವರಿಗೆ ಕೊನೆಯ ಹೊಲ ಅಂದರೆ ಏನೆಂದು ಬಿಡಿಸಿ ಹೇಳಬೇಕಿಲ್ಲ.

ಕೆಲವು ವರ್ಷದ ಹಿಂದಿನ ಮಾತು. ನಾನಿನ್ನೂ ಪತ್ರಿಕೋದ್ಯಮ ಓದುತ್ತಿದ್ದೆ. ನೆಲ್ಲು ಕಾಳು ಕಟ್ಟುವ ಹೊತ್ತಿಗೆ ಸರಿಯಾಗಿ ನೀರು ನಿಂತಿತು. ವಾರಾಬಂದಿ ಪಟ್ಟಿ ಪ್ರಕಾರ ಆ ದಿನಗಳು ನಮ್ಮವು. ಕಾಕಾ ಮತ್ತು ನಾನು ಗಾಡಿ ಹತ್ತಿ ಕಾಲುವೆ ಗುಂಟ ಮೇಲಕ್ಕೆ ಹೋದೆವು. ಮೇಲಿನ ತೂಬುಗಳು ಎಲ್ಲವೂ ತೆರೆದಿದ್ದವು. ಗ್ಯಾಂಗ್‌ಮನ್ ಬೇವಿನ ಗಿಡದ ಕೆಳಗೆ ಕೂತಿದ್ದ.

"ಇದು ನಮ್ಮ ಪಾಳಿ ಅಲ್ಲೇನಪಾ?" ಅಂದ ಕಾಕಾ.

"ಹೌದ್ರಿ ಯಜಮಾನ್ರ. ಆದ್ರ ಮ್ಯಾಲಿಂದ ಫೋನ್ ಬಂದೈತ್ರಿ. ಬಂದ್ ಮಾಡಬ್ಯಾಡ ಅಂದಾರ."

"ಯಾರು ಅಂದಾರ?"

"ಇಂಜಿನಿಯರ್ ಸಾಹೇಬ್ರು."

ಸಾಹೇಬರ ಕಚೇರಿಗೆ ಹೋದೆವು. ಒಳ್ಳೆಯ ಮನುಷ್ಯ. ಕೂರಿಸಿದರು, ಚಹಾ ತರಿಸಿದರು. ಅವರದೂ ಅದೇ ಮಾತು, ಮ್ಯಾಲಿಂದ ಫೋನ್ ಬಂದೈತಿ. ಯಾರಿಂದ ಸರ್ ಅಂತ ಕೇಳಿದೆ. ನಕ್ಕರು. "ಬರೆದು ಕೊಡ್ತೀರಾ ಸರ್, ಇಂಥವರು ಹೇಳಿದ್ದಕ್ಕೆ ನೀರು ಕೊಟ್ಟಿಲ್ಲ ಅಂತ?" ಅಂದೆ. ನಗು ನಿಂತಿತು. "ತಮ್ಮಾ, ನಾನೂ ಮಕ್ಳು ಮರಿ ಇದ್ದಾಂವ" ಅಂದರು.

ಆ ವರ್ಷ ಕಾಕಾನ ಹೊಲದಲ್ಲಿ ಬಂದದ್ದು ಜೊಳ್ಳು. ಆ ಫೋನ್ ಮಾಡಿದವರು ಮಂತ್ರಿಯೋ, ಶಾಸಕರೋ, ಮೇಲಿನ ಅಧಿಕಾರಿಯೋ, ಅಥವಾ ಅವರ ಹೆಸರು ಹೇಳಿದ ಯಾವನೋ ಪುಢಾರಿಯೋ, ಇವತ್ತಿಗೂ ನಮಗೆ ಗೊತ್ತಿಲ್ಲ. ಈ ಲೇಖನದ ಸಿಟ್ಟೆಲ್ಲ ಇರುವುದು ಅಲ್ಲೇ. ನೀರು ಕೊಡದ ಆದೇಶಕ್ಕೆ ಒಂದು ಸಹಿ ಇದ್ದಿದ್ದರೆ ಅದನ್ನು ಹಿಡಿದುಕೊಂಡು ಜಗಳ ಆಡಬಹುದಿತ್ತು, ಕೋರ್ಟಿಗೆ ಹೋಗಬಹುದಿತ್ತು, ಓಟು ಕೇಳಲು ಬಂದಾಗ ಮುಖಕ್ಕೆ ಹಿಡಿಯಬಹುದಿತ್ತು. ಗಾಳಿಯ ಮಾತಿನ ಮೇಲೆ ಏನು ಮಾಡೋದು?

ನಮ್ಮ ಆಡಳಿತದ ಲೆಕ್ಕ ಕೇಳಲು ಸರಳವಾಗಿದೆ. ನಾವು ಆರಿಸಿದವರು ಮಂತ್ರಿ ಆಗುತ್ತಾರೆ, ಏನು ಮಾಡಬೇಕು ಅನ್ನುವುದನ್ನು ಅವರು ತೀರ್ಮಾನಿಸಬೇಕು. ಪರೀಕ್ಷೆ ಪಾಸಾಗಿ ಬಂದ ಅಧಿಕಾರಿ, ಅದು ಕಾನೂನಿಗೆ ಸರಿಯೋ ತಪ್ಪೋ ಹೇಳಿ, ಸರಿ ಇದ್ದರೆ ಮಾಡಿಸಬೇಕು. ತಪ್ಪಾದರೆ ಮಂತ್ರಿ ವಿಧಾನಸಭೆಗೆ ಉತ್ತರ ಕೊಡಬೇಕು. ನಡೆಯುತ್ತಿರುವುದು ಬೇರೆಯೇ. ಮಂತ್ರಿ ಬಾಯಲ್ಲಿ ಹೇಳುತ್ತಾರೆ, ಅಧಿಕಾರಿ ಕೈಯಲ್ಲಿ ಸಹಿ ಮಾಡುತ್ತಾರೆ. ಕೆಲಸ ಕೆಟ್ಟ ದಿನ ಬಾಯಿಗೆ ಸಾಕ್ಷಿ ಇರುವುದಿಲ್ಲ, ಸಹಿಗೆ ಇರುತ್ತದೆ. ಆಗ ಸಿಕ್ಕಿಬೀಳುವವನು ಅತ್ಯಂತ ಕೆಳಗಿನ ಸಹಿಯವನು.

ಈ ಪದ್ಧತಿ ನಾವು ಇಂಗ್ಲಿಷರಿಂದ ತಂದುಕೊಂಡದ್ದು. ಮಂತ್ರಿ ಬದಲಾದರೂ ಕದಲದೆ ಕೂರುವ ಕಾಯಂ ಅಧಿಕಾರಿ ಎಂಬ ವ್ಯವಸ್ಥೆಯ ಬೇರು ಲಂಡನ್ನಿನ 1854ರ ಒಂದು ವರದಿಯಲ್ಲಿದೆ. ಕುರ್ಚಿ, ಕಡತ, ಕೆಂಪು ದೀಪ ಎಲ್ಲ ತಂದೆವು. ಅಲ್ಲಿ ಆಮೇಲೆ ಬೆಳೆದ ಒಂದು ಒಳ್ಳೆಯ ರೂಢಿಯನ್ನು ಮಾತ್ರ ತರಲಿಲ್ಲ.

ಅಲ್ಲಿ ಪ್ರತಿ ಇಲಾಖೆಗೆ ಒಬ್ಬ ಕಾಯಂ ಕಾರ್ಯದರ್ಶಿ ಇರುತ್ತಾರೆ. ಇಲಾಖೆಯ ಹಣಕ್ಕೆ ಅವರೇ ಸ್ವತಃ ಸಂಸತ್ತಿನ ಲೆಕ್ಕಪತ್ರ ಸಮಿತಿ ಮುಂದೆ ನಿಂತು ಉತ್ತರ ಹೇಳಬೇಕು. ಮಂತ್ರಿ ಹೇಳಿದ ಖರ್ಚು ನಿಯಮಕ್ಕೆ ಹೊಂದುವುದಿಲ್ಲ, ದುಡ್ಡು ದಂಡ ಅಂತ ಅನಿಸಿದರೆ ಆ ಕಾರ್ಯದರ್ಶಿ ಪತ್ರ ಬರೆಯುತ್ತಾರೆ: ನನಗೆ ಇದು ಒಪ್ಪಿಗೆ ಇಲ್ಲ, ಮಾಡಲೇಬೇಕು ಎಂದಾದರೆ ಲಿಖಿತ ಆದೇಶ ಕೊಡಿ. ಮಂತ್ರಿ ಬರೆದು ಕೊಟ್ಟರೆ ಅಧಿಕಾರಿ ಕೆಲಸ ಮಾಡಲೇಬೇಕು, ಆದರೆ ಹೊಣೆ ಮಂತ್ರಿಯದು. ಆ ಎರಡೂ ಪತ್ರಗಳು ಸಾಮಾನ್ಯವಾಗಿ ಜನರ ಮುಂದೆ ಬರುತ್ತವೆ.

2015ರ ಜೂನ್‌ನಲ್ಲಿ ಹೀಗೇ ಆಯಿತು. ಕಿಡ್ಸ್ ಕಂಪನಿ ಎಂಬ ಮಕ್ಕಳ ಸೇವಾ ಸಂಸ್ಥೆಗೆ 30 ಲಕ್ಷ ಪೌಂಡ್ ಕೊಡಬೇಕೆಂದು ಮಂತ್ರಿಗಳ ಮನಸ್ಸು. ಸಂಪುಟ ಕಚೇರಿಯ ಕಾಯಂ ಕಾರ್ಯದರ್ಶಿ ರಿಚರ್ಡ್ ಹೀಟನ್ ಆಗುವುದಿಲ್ಲ ಎಂದು ಬರೆದರು. ಆಲಿವರ್ ಲೆಟ್ವಿನ್, ಮ್ಯಾಟ್ ಹ್ಯಾನ್‌ಕಾಕ್ ಎಂಬ ಇಬ್ಬರು ಮಂತ್ರಿಗಳು ಕೊಡಿ ಎಂದು ಲಿಖಿತ ಆದೇಶ ಕೊಟ್ಟರು. ಹಣ ಹೋಯಿತು. ಆಗಸ್ಟ್ ಮೊದಲ ವಾರದಲ್ಲೇ ಆ ಸಂಸ್ಥೆ ಬಾಗಿಲು ಹಾಕಿತು! ಹಣ ಮುಳುಗಿದ್ದೇನೋ ಮುಳುಗಿತು. ಆದರೆ ಯಾರು ಬೇಡ ಅಂದರು, ಯಾರು ಕೊಡಿ ಅಂದರು ಎಂಬುದು ಇಡೀ ದೇಶಕ್ಕೆ ಗೊತ್ತಾಯಿತು. ಯಾವ ಗುಮಾಸ್ತನೂ ಬಲಿಯಾಗಲಿಲ್ಲ.

ಅವರೇನು ದೇವರಲ್ಲ. ಅಧಿಕಾರಿಗಳನ್ನು ಗದರಿಸಿ ಹೆದರಿಸುತ್ತಾರೆ ಎಂಬ ದೂರಿನ ತನಿಖೆಯಾಗಿ, 2023ರ ಏಪ್ರಿಲ್‌ನಲ್ಲಿ ಅಲ್ಲಿನ ಉಪಪ್ರಧಾನಿ ಡಾಮಿನಿಕ್ ರಾಬ್ ರಾಜೀನಾಮೆ ಕೊಡಬೇಕಾಯಿತು. ಅದಕ್ಕೂ ಮುಂಚೆ 2022ರ ಸೆಪ್ಟೆಂಬರ್‌ನಲ್ಲಿ ಹೊಸ ಹಣಕಾಸು ಮಂತ್ರಿ ಬಂದ ಕೂಡಲೇ ತಮ್ಮ ಇಲಾಖೆಯ ಕಾಯಂ ಕಾರ್ಯದರ್ಶಿ ಟಾಮ್ ಸ್ಕಾಲರ್ ಅವರನ್ನು ಕಿತ್ತು ಹಾಕಿದ್ದರು. ಗದರಿಸುವ ಚಟ ಎಲ್ಲ ಕಡೆ ಒಂದೇ. ಅಲ್ಲಿ ಕಾಗದ ಉಳಿಯುತ್ತದೆ, ಇಲ್ಲಿ ಉಳಿಯುವುದಿಲ್ಲ. ನಾನು ಹೇಳುವುದು ಇಷ್ಟೇ ವ್ಯತ್ಯಾಸದ ಬಗ್ಗೆ.

ನಮ್ಮ ದೇಶ ಇದಕ್ಕೆ ಮೊದಲ ದೊಡ್ಡ ದಂಡ ತೆತ್ತದ್ದು 1957ರಲ್ಲಿ. ಜೀವ ವಿಮಾ ನಿಗಮ ಹುಟ್ಟಿ ಒಂದು ವರ್ಷವೂ ಆಗಿರಲಿಲ್ಲ. ಹರಿದಾಸ್ ಮುಂಧ್ರಾ ಎಂಬ ಉದ್ಯಮಿಯ ಸೋತ ಕಂಪನಿಗಳ ಷೇರುಗಳನ್ನು 1 ಕೋಟಿ 24 ಲಕ್ಷ ರೂಪಾಯಿಗೆ ನಿಗಮ ಕೊಂಡುಬಿಟ್ಟಿತು. ಅದು ಬಡವರು ತಿಂಗಳು ತಿಂಗಳು ಕಟ್ಟಿದ ಪಾಲಿಸಿ ಹಣ. ಲೋಕಸಭೆಯಲ್ಲಿ ಫಿರೋಜ್ ಗಾಂಧಿ ಇದನ್ನು ಎತ್ತಿದರು. ಅವರು ಆಗಿನ ಪ್ರಧಾನಿ ನೆಹರೂ ಅವರ ಅಳಿಯ, ಆಡಳಿತ ಪಕ್ಷದವರೇ! ಮುಂಬಯಿ ಹೈಕೋರ್ಟ್ ಮುಖ್ಯ ನ್ಯಾಯಮೂರ್ತಿ ಎಂ.ಸಿ. ಛಾಗ್ಲಾ ಅವರ ಆಯೋಗ ಬಹಿರಂಗವಾಗಿ ವಿಚಾರಣೆ ಮಾಡಿತು.

ಅಲ್ಲಿ ಎದ್ದ ಪ್ರಶ್ನೆ ನಮ್ಮ ಕಾಲುವೆ ಪ್ರಶ್ನೆಯೇ. ಹಣಕಾಸು ಕಾರ್ಯದರ್ಶಿ ಎಚ್.ಎಂ. ಪಟೇಲ್ ಹೇಳಿದ್ದು: ಮಂತ್ರಿಗಳಿಗೆ ತಿಳಿಸಿದ್ದೆ, ಅವರು ಹೂಂ ಅಂದಿದ್ದರು. ಮಂತ್ರಿ ಟಿ.ಟಿ. ಕೃಷ್ಣಮಾಚಾರಿ ಹೇಳಿದ್ದು: ನಾನು ಒಪ್ಪಿಗೆ ಕೊಟ್ಟೇ ಇಲ್ಲ. ಇಬ್ಬರ ನಡುವೆ ಒಂದು ತುಂಡು ಕಾಗದವಿಲ್ಲ. ಕಡೆಗೆ ಛಾಗ್ಲಾ ಅವರು, ಕಾರ್ಯದರ್ಶಿ ಮಾಡಿದ್ದಕ್ಕೂ ಮಂತ್ರಿಯೇ ಹೊಣೆ ಎಂದರು. 1958ರ ಫೆಬ್ರವರಿಯಲ್ಲಿ ಕೃಷ್ಣಮಾಚಾರಿ ರಾಜೀನಾಮೆ ಕೊಟ್ಟರು. ತಮಾಷೆ ನೋಡಿ, ಅದೇ ಎಚ್.ಎಂ. ಪಟೇಲ್ 1977ರಲ್ಲಿ ಜನತಾ ಸರ್ಕಾರದ ಹಣಕಾಸು ಮಂತ್ರಿ ಆದರು. ಬಾಯಿಮಾತಿನ ಎರಡೂ ತುದಿಯನ್ನು ಕಂಡ ಮನುಷ್ಯ.

ಹಳೆಯ ಕತೆ ಸಾಕು ಅಂತೀರಾ? ಮಗ್ಗುಲಿಗೇ ಬರೋಣ. 2024ರ ಮೇ 26ರಂದು ಮಹರ್ಷಿ ವಾಲ್ಮೀಕಿ ಪರಿಶಿಷ್ಟ ಪಂಗಡಗಳ ಅಭಿವೃದ್ಧಿ ನಿಗಮದ ಲೆಕ್ಕ ವಿಭಾಗದ ಅಧೀಕ್ಷಕರೊಬ್ಬರು ಶಿವಮೊಗ್ಗದಲ್ಲಿ ಪ್ರಾಣ ಕಳೆದುಕೊಂಡರು. ಅವರು ಬರೆದಿಟ್ಟ ಪತ್ರದಲ್ಲಿ ಮೇಲಧಿಕಾರಿಗಳ ಹೆಸರುಗಳಿದ್ದವು, ಮಂತ್ರಿಗಳ ಮೌಖಿಕ ಆದೇಶ ಎಂಬ ಮಾತೂ ಇತ್ತು ಎಂದು ಪತ್ರಿಕೆಗಳಲ್ಲಿ ಬಂತು. ನಿಗಮದ ಸುಮಾರು 187 ಕೋಟಿ ರೂಪಾಯಿ ಒಂದು ಖಾತೆಗೆ ಹೋಗಿತ್ತು. ಅದರಲ್ಲಿ 89 ಕೋಟಿಯಷ್ಟು ಹೊರಗೆ ಹೋಗಿದೆ ಎಂದು ಮುಖ್ಯಮಂತ್ರಿಗಳೇ ವಿಧಾನಸಭೆಯಲ್ಲಿ ಹೇಳಿದರು. ನಮ್ಮ ಪಕ್ಕದ ಬಳ್ಳಾರಿ ಗ್ರಾಮೀಣ ಕ್ಷೇತ್ರದ ಶಾಸಕರಾದ ಮಂತ್ರಿ ಬಿ. ನಾಗೇಂದ್ರ, ನನ್ನದೇನೂ ಪಾತ್ರವಿಲ್ಲ ಎನ್ನುತ್ತಲೇ ಜೂನ್ 6ಕ್ಕೆ ರಾಜೀನಾಮೆ ಕೊಟ್ಟರು. ಜುಲೈನಲ್ಲಿ ಜಾರಿ ನಿರ್ದೇಶನಾಲಯ ಅವರನ್ನು ಬಂಧಿಸಿತು, ಆಮೇಲೆ ಜಾಮೀನು ಸಿಕ್ಕಿತು.

ಆರೋಪ ನಿಜವೋ ಸುಳ್ಳೋ ನಾನು ಹೇಳುವವನಲ್ಲ, ಅದು ನ್ಯಾಯಾಲಯದ ಕೆಲಸ. ನನ್ನನ್ನು ಕಾಡುವುದು ಆ ಎರಡು ಪದ, ಮೌಖಿಕ ಆದೇಶ. ಮಂತ್ರಿ ಹೇಳಿದ್ದು ನಿಜವಾಗಿದ್ದರೆ ಅದನ್ನು ತೋರಿಸಲು ಸತ್ತವರ ಬಳಿ ಏನೂ ಇರಲಿಲ್ಲ. ಮಂತ್ರಿ ಹೇಳಿಲ್ಲ ಎಂಬುದೇ ನಿಜವಾಗಿದ್ದರೆ ಅದನ್ನು ತೋರಿಸಲು ಮಂತ್ರಿಯ ಬಳಿಯೂ ಏನೂ ಇಲ್ಲ. ಕೋಟಿ ಕೋಟಿ ದುಡ್ಡು ಸಾಗಿಸುವ ಕಡೆ ಬಾಯಿಮಾತಿಗೆ ಜಾಗವೇ ಇರಬಾರದಿತ್ತು. ಆ ದುಡ್ಡಾದರೂ ಯಾರದು? ಗಂಗಾ ಕಲ್ಯಾಣದ ಬೋರ್‌ವೆಲ್‌ಗೆ ಅರ್ಜಿ ಹಾಕಿ ಕಾಯುತ್ತಿರುವ ನಾಯಕ ಸಮಾಜದವರದು. ಅವರು ನಮ್ಮ ಊರೂರಲ್ಲಿ ಇದ್ದಾರೆ.

ಇದಕ್ಕೆ ಹೊಸ ಕಾನೂನು ಬೇಕು ಅಂತ ಯಾರಾದರೂ ಭಾಷಣ ಮಾಡಿದರೆ ನಂಬಬೇಡಿ. ನಿಯಮ ಆಗಲೇ ಇದೆ. ಐಎಎಸ್, ಐಪಿಎಸ್ ಅಧಿಕಾರಿಗಳ 1968ರ ನಡತೆ ನಿಯಮದಲ್ಲೇ ಬರೆದಿದೆ: ಮೇಲಿನವರ ಆದೇಶ ಸಾಮಾನ್ಯವಾಗಿ ಬರಹದಲ್ಲೇ ಇರಬೇಕು, ತುರ್ತಿಗೆ ಬಾಯಲ್ಲಿ ಹೇಳಿದ್ದರೆ ಆಮೇಲೆ ಕೂಡಲೇ ಬರೆದು ಖಚಿತಪಡಿಸಬೇಕು, ಕೆಳಗಿನ ಅಧಿಕಾರಿ ಅದನ್ನು ಕೇಳಿ ಪಡೆಯಬೇಕು.

ಅದನ್ನೂ ಯಾರೂ ಪಾಲಿಸದಿದ್ದಾಗ ಮಾಜಿ ಸಂಪುಟ ಕಾರ್ಯದರ್ಶಿ ಟಿ.ಎಸ್.ಆರ್. ಸುಬ್ರಮಣಿಯನ್ ಮತ್ತು ಇತರ ನಿವೃತ್ತ ಅಧಿಕಾರಿಗಳು ಸುಪ್ರೀಂ ಕೋರ್ಟಿಗೆ ಹೋದರು. 2013ರ ಅಕ್ಟೋಬರ್ 31ಕ್ಕೆ ತೀರ್ಪು ಬಂತು. ಮಂತ್ರಿಗಳ ಬಾಯಿಮಾತಿನ ಮೇಲೆ ಕೆಲಸ ಮಾಡಬೇಡಿ, ಮಾಡಿದರೆ ಅದನ್ನು ಕಡತದಲ್ಲಿ ದಾಖಲಿಸಿ ಎಂದಿತು ಕೋರ್ಟು. ದಾಖಲಿಸದಿದ್ದರೆ ಮಾಹಿತಿ ಹಕ್ಕೇ ಸೋತಂತೆ ಎಂದೂ ಹೇಳಿತು. ಅಧಿಕಾರಿಗಳಿಗೆ ಒಂದು ಜಾಗದಲ್ಲಿ ಕನಿಷ್ಠ ಅವಧಿ ಕೊಡಿ, ವರ್ಗಾವಣೆ ನೋಡಿಕೊಳ್ಳಲು ಮಂಡಳಿ ಮಾಡಿ ಎಂದೂ ಆದೇಶಿಸಿತು.

ಹಾಗಾದರೆ ನಮ್ಮ ಇಂಜಿನಿಯರ್ ಸಾಹೇಬರ ನಗು ಯಾಕೆ ನಿಂತಿತು? ವರ್ಗಾವಣೆಯ ಭಯಕ್ಕೆ. ಹರಿಯಾಣದ ಐಎಎಸ್ ಅಧಿಕಾರಿ ಅಶೋಕ್ ಖೇಮ್ಕಾ 2025ರಲ್ಲಿ ನಿವೃತ್ತರಾಗುವ ಹೊತ್ತಿಗೆ ಅವರಿಗೆ 57 ವರ್ಗಾವಣೆ ಆಗಿದ್ದವು. ಐಎಎಸ್ ಪಾಡೇ ಇದು ಅಂದಮೇಲೆ ಉಪವಿಭಾಗದ ಇಂಜಿನಿಯರ್ ಎಷ್ಟರವರು, ಗ್ರಾಮ ಆಡಳಿತಾಧಿಕಾರಿ ಎಷ್ಟರವರು? ಇಷ್ಟಾದರೂ ನನಗೆ ಅವರ ಮೇಲೆ ಪೂರ್ತಿ ಕನಿಕರ ಇಲ್ಲ. ಒಳ್ಳೆಯ ಜಾಗಕ್ಕೆ ಶಾಸಕರ ಪತ್ರ ಹಿಡಿದು ಬಂದ ಅಧಿಕಾರಿ, ಅದೇ ಶಾಸಕರ ಫೋನಿಗೆ ಬರೆದು ಕೊಡಿ ಅನ್ನುವುದು ಹೇಗೆ? ಬರುವಾಗಲೇ ನಾಲಿಗೆ ಒತ್ತೆ ಇಟ್ಟು ಬಂದಿರುತ್ತಾರೆ.

ನಾವೂ ಸಾಚಾ ಅಲ್ಲ. ತಾಲೂಕು ಆಫೀಸಿನಲ್ಲಿ ಪಹಣಿ ತಿದ್ದುಪಡಿ ನಿಂತರೆ ನಮ್ಮ ಮೊದಲ ಮಾತು "ಅಣ್ಣಾ, ಸಾಹೇಬ್ರ ಕಡಿಂದ ಒಂದ್ ಫೋನ್ ಹಚ್ಚಸು" ಅಂತಲ್ಲವೇ? ಪೊಲೀಸ್ ಠಾಣೆಗೂ ಫೋನು, ಆಸ್ಪತ್ರೆ ಬೆಡ್ಡಿಗೂ ಫೋನು. ಫೋನ್ ಮಾಡದ ಶಾಸಕರಿಗೆ "ಏನೂ ಕೆಲ್ಸ ಮಾಡಂಗಿಲ್ಲ" ಎಂಬ ಹೆಸರು. ಇನ್ನೂ ಕಹಿಯಾದ ಮಾತು ಹೇಳುತ್ತೇನೆ. ಕಾಕಾನ ಹೊಲ ಉಪಕಾಲುವೆಯ ಕೊನೆಗಿದೆ ನಿಜ, ಆದರೆ ಇಡೀ ನಾಲೆಯ ಲೆಕ್ಕದಲ್ಲಿ ಗಂಗಾವತಿ, ಕಾರಟಗಿಯವರು ಮೇಲ್ಭಾಗದವರು. ಮಾನ್ವಿ, ಸಿರವಾರ, ರಾಯಚೂರು ಕಡೆಯ ರೈತರು ಪ್ರತಿ ವರ್ಷ ನೀರಿಗೆ ರಸ್ತೆ ತಡೆ ಮಾಡುವಾಗ ಅವರ ಪಾಲಿನ ನೀರು ಎಲ್ಲಿ ನಿಂತಿರುತ್ತದೆ? ನಮ್ಮ ನೆಲ್ಲಿನ ಗದ್ದೆಯಲ್ಲೂ ಅದರ ಒಂದು ಪಾಲಿದೆ. ಯಾರದೋ ಫೋನಿನಿಂದ ನಮಗೆ ಲಾಭವಾದಾಗ ಬರೆದು ಕೊಡಿ ಅಂತ ನಾವು ಯಾರೂ ಕೇಳಿಲ್ಲ.

ನೀರಾವರಿ ಸಲಹಾ ಸಮಿತಿ ಸಭೆಯಲ್ಲಿ ಮಂತ್ರಿಗಳು, ಅಧಿಕಾರಿಗಳು ಕೂತು ಯಾವ ನಾಲೆಗೆ ಎಷ್ಟು ದಿನ, ಎಷ್ಟು ಕ್ಯೂಸೆಕ್ ಎಂದು ತೀರ್ಮಾನಿಸುತ್ತಾರೆ. ಅದು ಬರಹದಲ್ಲಿರುತ್ತದೆ, ಪತ್ರಿಕೆಯಲ್ಲೂ ಬರುತ್ತದೆ. ಆ ಬರಹವನ್ನು ತೂಬಿನ ಹತ್ತಿರ ಒಂದು ಫೋನು ಅಳಿಸಿ ಹಾಕುತ್ತದೆ. ಬರೆದ ಆದೇಶ ಮೀರಿದ ಪ್ರತಿ ಸಲವೂ, ಮೀರಿಸಿದವರು ಯಾರು ಎಂದು ಆ ಕಚೇರಿಯ ಪುಸ್ತಕದಲ್ಲಿ ಒಂದು ಸಾಲು ಬೀಳಬೇಕು. ದಿನಾಂಕ, ಹೊತ್ತು, ಹೆಸರು. ಇದಕ್ಕೆ ಬಜೆಟ್ ಬೇಡ, ಟೆಂಡರ್ ಬೇಡ, ಎರಡು ನೂರು ಪುಟದ ಒಂದು ನೋಟ್‌ಬುಕ್ ಸಾಕು.

ಮಾಹಿತಿ ಹಕ್ಕು ಕಾಯ್ದೆಯ 4ನೇ ಸೆಕ್ಷನ್ ಪ್ರಕಾರ, ಒಂದು ತೀರ್ಮಾನದಿಂದ ತೊಂದರೆಗೆ ಒಳಗಾದವರಿಗೆ ಅದರ ಕಾರಣ ಹೇಳುವುದು ಕಚೇರಿಯ ಕರ್ತವ್ಯ. ಅರ್ಜಿಗೆ ಹತ್ತು ರೂಪಾಯಿ, ಉತ್ತರಕ್ಕೆ 30 ದಿನ. ಹೀಗೆ ಬರೆಯಿರಿ: "ಇಂಥ ದಿನಾಂಕದಂದು ಇಂಥ ತೂಬಿಗೆ ವಾರಾಬಂದಿ ಪ್ರಕಾರ ನೀರು ಬಿಡದಿರಲು ಕಾರಣವಾದ ಆದೇಶದ ಪ್ರತಿ ಮತ್ತು ಸಂಬಂಧಿಸಿದ ಕಡತದ ಟಿಪ್ಪಣಿ ಹಾಳೆಯ ಪ್ರತಿ ಕೊಡಿ. ಮೌಖಿಕ ಆದೇಶವಾಗಿದ್ದರೆ ಅದನ್ನು ದಾಖಲಿಸಿದ ಪುಟದ ಪ್ರತಿ ಕೊಡಿ." ಅಂಥ ದಾಖಲೆ ಇಲ್ಲ ಎಂದು ಉತ್ತರ ಬಂದರೆ ಅದನ್ನು ಹರಿದು ಹಾಕಬೇಡಿ. ಆದೇಶವೇ ಇಲ್ಲದೆ ನೀರು ನಿಲ್ಲಿಸಿದ್ದೇವೆ ಎಂದು ಅವರೇ ಸಹಿ ಹಾಕಿ ಕೊಟ್ಟ ಕಾಗದ ಅದು.

ಮುಂದಿನ ಪಾಳಿ ತಪ್ಪಿದರೆ ಕಾಕಾನ ಹೆಸರಲ್ಲಿ ಇದೇ ಅರ್ಜಿ ಹಾಕೋಣ ಅಂತ ಬರೆದು ಇಟ್ಟಿದ್ದೇನೆ. ಅವನಿಗೆ ಓದಿ ಹೇಳಿದೆ. "ಇದನ್ನ ಕೊಟ್ರ ನೀರ್ ಬರ್ತಾವೇನಲೇ?" ಅಂದ. ಗೊತ್ತಿಲ್ಲ ಕಾಕಾ, ಹೆಸರಂತೂ ಬರಬಹುದು ಅಂದೆ. ಸಹಿ ಮಾಡಿದ್ದಾನೆ.