ಮರಗಸಿಗೆ ಮುನ್ನ ಗೂಡು ನೋಡಿ



ಮಲೆನಾಡಿನ ಕಾಫಿ ತೋಟಗಳಲ್ಲಿ ಹೂವಿನಿಂದ ಹೂವಿಗೆ ಹಾರುವ ಪುಟ್ಟ ಹಕ್ಕಿಯೊಂದನ್ನು ತಾವು ಕಂಡಿರಬಹುದು. ಕೊಕ್ಕಿನಿಂದ ಬಾಲದ ತುದಿಯವರೆಗೆ ಅಳೆದರೂ ಸುಮಾರು 8 ಸೆಂಟಿಮೀಟರ್. ಗಂಡಿನ ಬೆನ್ನು ಕಡುಗೆಂಪು, ನೆತ್ತಿ ಹೊಳೆಯುವ ಹಸಿರು, ಹೊಟ್ಟೆ ಹಳದಿ. ಹೆಣ್ಣು ಮಾಸಲು ಬಣ್ಣದ್ದು. ಬಾಲದ ಬುಡದ ಮೇಲೆ ಮಾತ್ರ ಕೆಂಪು. ಇದೇ ಸಣ್ಣ ಸೂರಕ್ಕಿ. ಪಶ್ಚಿಮ ಘಟ್ಟದ ಸಾಲನ್ನು ಬಿಟ್ಟರೆ ಜಗತ್ತಿನಲ್ಲಿ ಬೇರೆಲ್ಲೂ ಇದರ ನೆಲೆಯಿಲ್ಲ.

ಇದರಿಂದ ನಮಗೇನು ಲಾಭವೆಂದು ತಾವು ಕೇಳುವುದು ಸಹಜ. ಇಲ್ಲದ ಲಾಭವನ್ನು ಹೇಳಲಾರೆವು. ಕಾಫಿ ಕಾಯಿ ಕಟ್ಟಲು ಈ ಹಕ್ಕಿ ಬೇಕಿಲ್ಲ; ರೊಬಸ್ಟಾಕ್ಕೆ ಗಾಳಿ, ಜೇನ್ನೊಣಗಳಿವೆ, ಅರೇಬಿಕಾಕ್ಕೆ ತನ್ನ ಪರಾಗವೇ ಸಾಕು. ಮಾವಿನ ಮರವನ್ನು ಹೀರುವ ಬಂದಳಿಕೆಯ ಹೂವಿಗೆ ಪರಾಗ ಮುಟ್ಟಿಸುವುದೂ ಸೂರಕ್ಕಿಗಳೇ! ಅದನ್ನು ಖರ್ಚಿಗೆ ಬರೆದುಕೊಳ್ಳಿ. ಹಾಲವಾಣ ಮತ್ತು ಕಾಡುಮರಗಳ ಹೂವಿಗೆ ಮಾಡುವ ಸೇವೆ, ತಿನ್ನುವ ಸಣ್ಣ ಹುಳುಗಳು ಜಮೆಗೆ.

ಈ ಹಕ್ಕಿ ನಾರು, ಪಾಚಿಗಳನ್ನು ಜೇಡರ ಬಲೆಯ ನೂಲಿನಿಂದ ಹೆಣೆದು ರೆಂಬೆಗೆ ಚೀಲದಂತೆ ಗೂಡು ತೂಗುಹಾಕುತ್ತದೆ. ಇಡುವುದು ಎರಡೇ ಮೊಟ್ಟೆ, ಹೆಚ್ಚಾಗಿ ಡಿಸೆಂಬರಿನಿಂದ ಏಪ್ರಿಲ್‌ವರೆಗೆ. ಕೊಯ್ಲು ಮುಗಿಸಿ ನಾವು ಮರಗಸಿಗೆ ಆಳು ಹತ್ತಿಸುವುದೂ ಆಗಲೇ. ಕತ್ತಿ ಹಿಡಿದವನ ಕಣ್ಣಿಗೆ ಆ ಗೂಡು ರೆಂಬೆಗೆ ಸಿಕ್ಕಿದ ಕಸದಂತೆ ಕಾಣುತ್ತದೆ. ಕೆಳಗಿನಿಂದ ಒಮ್ಮೆ ನೋಡಿ, ಗೂಡಿದ್ದ ರೆಂಬೆಯೊಂದನ್ನು ಕೆಲವು ವಾರ ಬಿಟ್ಟರೆ ನೆರಳಿನ ಲೆಕ್ಕವೇನೂ ತಪ್ಪದು.

ಗೂಡಿಗಿಂತ ದೊಡ್ಡ ಮಾತು ಹೂವಿನದು. 2005ರ ನಂತರ ಗಂಟು ಕಟ್ಟಿಸುವ ಕಣಜದ ಹಾವಳಿಗೆ ಎಷ್ಟೋ ಹಾಲವಾಣಗಳು ಸೊರಗಿದವು. ಹಳೆಯ ಕಾಡುಮರಗಳ ಜಾಗಕ್ಕೆ ಸಿಲ್ವರ್ ಓಕ್ ಬಂದಿದೆ. ಅದು ಬೇಗ ಬೆಳೆಯುತ್ತದೆ, ಮೆಣಸಿನ ಬಳ್ಳಿ ಹಬ್ಬುತ್ತದೆ, ಮಾರಿದರೆ ಹಣ, ನೆಟ್ಟವರನ್ನು ದೂರುವಂತಿಲ್ಲ. ಅದರ ಹೂವಿನಲ್ಲೂ ಮಕರಂದವುಂಟು. ಆದರೆ ತೋಟಕ್ಕೆಲ್ಲ ಒಂದೇ ಜಾತಿಯ ಮರವಾದರೆ ಹೂವೂ ಒಂದೇ ಕಾಲಕ್ಕೆ ಬಂದು ಮುಗಿಯುತ್ತದೆ. ಉಳಿದ ತಿಂಗಳುಗಳಲ್ಲಿ ಈ ಹಕ್ಕಿ ಎಲ್ಲಿಗೆ ಹೋಗಬೇಕು?

ಆದ್ದರಿಂದ ಇರುವ ಬೂರುಗ, ಹಾಲವಾಣಗಳನ್ನು ಕಡಿಯದಿರಿ. ಎಲ್ಲವನ್ನೂ ಬೋಳಿಸದೆ ಒಂದೆರಡನ್ನು ಹೂವಿಗೆ ಬಿಡಿ. ಹೊಸದಾಗಿ ಬೇಕಾದವರು ರೋಗವಿಲ್ಲದ ಹಾಲವಾಣದ ಗೂಟಗಳನ್ನು ಆರಿಸಿಟ್ಟುಕೊಂಡು, ಮುಂಗಾರು ಹಿಡಿದೊಡನೆ ಬೇಲಿಯ ಸಾಲಿನಲ್ಲಿ ನೆಡಬಹುದು.