ಕಾಲವು ನ್ಯಾಯಾಧೀಶನಲ್ಲ

“ಕಾಲವೇ ಕಲೆಗೆ ಕಡೆಯ ವಿಮರ್ಶಕ, ಸತ್ತ್ವವುಳ್ಳುದು ನಿಲ್ಲುವುದು, ಜೊಳ್ಳು ಹಾರಿಹೋಗುವುದು” ಎಂದು ಬಲ್ಲವರು ಹೇಳುವುದನ್ನು ನಾವು ಆಗಾಗ ಕೇಳುತ್ತೇವೆ. ಕಿವಿಗೇನೋ ಇಂಪಾದ ಮಾತು. ಇದನ್ನು ನಂಬಿದವರಿಗೆ ಹುಡುಕುವ ಶ್ರಮವೂ ಇಲ್ಲ, ಕಾಪಾಡುವ ಹೊಣೆಯೂ ಇಲ್ಲ. ಆದರೆ ಇದೆಷ್ಟು ಪೊಳ್ಳೆಂಬುದನ್ನು ಫಿನ್ಲೆಂಡಿನ ಇಬ್ಬರು ನಟಿಯರ ನಿದರ್ಶನದಿಂದಲೇ ತೋರಿಸಬಹುದು.

ಮಿನ್ನಾ ಕಾಂತ್ (1844–1897) ಎಂಬಾಕೆ ಆ ನಾಡಿನ ಹೆಸರಾಂತ ನಾಟಕಕರ್ತ್ರಿ. ಗಂಡನನ್ನು ಕಳೆದುಕೊಂಡು, ಏಳು ಮಕ್ಕಳನ್ನು ಸಾಕುತ್ತ, ಕುಓಪಿಯೊ ಪಟ್ಟಣದಲ್ಲಿ ಅಂಗಡಿ ನಡೆಸುತ್ತ ಬರೆದವಳು. ಆಕೆಯ “ಸಿಲ್ವಿ” (1893) ನಾಟಕದ ನಾಯಿಕೆ, ತನಗೆ ಪೋಷಕನಾಗಿದ್ದ ಹಿರಿಯನನ್ನೇ ವರಿಸಿ, ಬಳಿಕ ಬಾಲ್ಯದ ಗೆಳೆಯನಲ್ಲಿ ಮನಸ್ಸಿಟ್ಟು, ಗಂಡನಿಗೆ ವಿಷವಿಕ್ಕಿ ಸೆರೆಮನೆ ಸೇರುವಳು. “ಅನ್ನಾ-ಲೀಸಾ” (1895) ನಾಟಕದ ನಾಯಿಕೆ, ಹದಿಹರೆಯದಲ್ಲಿ ತಾನು ಹೆತ್ತ ಶಿಶುವನ್ನು ಕೊಂದ ಗುಟ್ಟನ್ನು ಮದುವೆಯ ಹೊಸ್ತಿಲಲ್ಲಿ ತಾನೇ ಒಪ್ಪಿಕೊಳ್ಳುವಳು.

ಈ ಎರಡು ನಾಟಕಗಳೂ ಮೂಕಚಿತ್ರಗಳಾದುವು. 1913ರಲ್ಲಿ ತೆರೆಕಂಡ “ಸಿಲ್ವಿ” ಫಿನ್ಲೆಂಡಿನ ಮೊದಲ ಪೂರ್ಣಪ್ರಮಾಣದ ಕಥಾಚಿತ್ರ. ನಿರ್ದೇಶಕ ತೆಉವೊ ಪೂರೊ, ನಾಯಿಕೆ ಐಲಿ ರೋಸ್ವಾಲ್. 1922ರ “ಅನ್ನಾ-ಲೀಸಾ”ವನ್ನು ಅದೇ ಪೂರೊ ಯೂಸ್ಸಿ ಸ್ನೆಲ್ಮನ್ ಎಂಬವನೊಡನೆ ನಿರ್ದೇಶಿಸಿದನು; ನಾಯಿಕೆ ಹೆಲ್ಮಿ ಲಿಂಡೆಲೋಫ್. ಎರಡನೆಯ ಚಿತ್ರ ಉಳಿದಿದೆ. ಲಿಂಡೆಲೋಫಳ ಅಭಿನಯವನ್ನು ಇಂದಿಗೂ ಕಣ್ಣಾರೆ ಕಾಣಬಹುದು. ಮೊದಲನೆಯದರ ಪೂರ್ಣಪ್ರತಿ ಎಲ್ಲಿಯೂ ಇಲ್ಲ. ನಾಟಕಕರ್ತ್ರಿ ಒಬ್ಬಳೇ, ನಿರ್ದೇಶಕನೂ ಒಬ್ಬನೇ; ಒಬ್ಬ ನಟಿಯ ಅಭಿನಯ ಉಳಿಯಿತು, ಇನ್ನೊಬ್ಬಳದು ಪೂರ್ತಿಯಾಗಿ ಉಳಿಯಲಿಲ್ಲ. ಇಲ್ಲಿ ತೂಗಿನೋಡಿದ ವಿಮರ್ಶಕನು ಯಾರು?

ಯಾರೂ ಅಲ್ಲ. ಅಂದಿನ ಫಿಲ್ಮು ನೈಟ್ರೇಟಿನದು; ಹೊತ್ತಿಕೊಂಡರೆ ನೀರಿನಲ್ಲಿಯೂ ಆರದು, ಹೊತ್ತಿಕೊಳ್ಳದಿದ್ದರೂ ಇಟ್ಟಲ್ಲಿಯೇ ಕೊಳೆಯುವುದು. ಅದನ್ನು ಜತನಮಾಡಲು ಆ ದೇಶದಲ್ಲಿ ಚಲಚ್ಚಿತ್ರ ಭಂಡಾರವೊಂದು ಸ್ಥಾಪಿತವಾದುದು 1957ರಲ್ಲಿ, ಎಂದರೆ “ಸಿಲ್ವಿ” ತೆರೆಕಂಡ 44 ವರ್ಷಗಳ ತರುವಾಯ. 1906ರಲ್ಲಿಯೇ, ಯೂರೋಪಿನಲ್ಲಿ ಮೊತ್ತಮೊದಲಿಗೆ, ಸ್ತ್ರೀಯರಿಗೆ ಮತದಾನದ ಹಕ್ಕನ್ನು ಕೊಟ್ಟ ನಾಡು ಅದು. ಅಂಥ ನಾಡಿಗೂ ತನ್ನ ಮೊದಲ ಪೂರ್ಣಪ್ರಮಾಣದ ಕಥಾಚಿತ್ರದ ನಾಯಿಕೆಯ ಅಭಿನಯವನ್ನು ಪೂರ್ತಿಯಾಗಿ ಉಳಿಸಿಕೊಳ್ಳಬೇಕೆಂದು ಹೊತ್ತಿಗೆ ಸರಿಯಾಗಿ ತೋಚಲಿಲ್ಲ. ಇದನ್ನು ಅಲಕ್ಷ್ಯವೆನ್ನಬೇಕಲ್ಲದೆ ಕಾಲದ ತೀರ್ಪೆನ್ನಬಹುದೆ?

“ರಂಗಭೂಮಿಯ ನಟನ ಕಲೆಯೂ ಅಳಿಯುವುದಷ್ಟೆ, ಇದಕ್ಕೇಕೆ ಇಷ್ಟು ಗೋಳು?” ಎನ್ನುವವರುಂಟು. ರಂಗದ ಕಲೆ ಅಳಿಯುವುದು ಅದರ ಧರ್ಮ. ಅದನ್ನರಿತೇ ನಟನು ಬಣ್ಣ ಹಚ್ಚುವನು. ಚಲಚ್ಚಿತ್ರವಾದರೋ ಹಿಡಿದಿಡುವುದಕ್ಕೆಂದೇ ಹುಟ್ಟಿದ ಯಂತ್ರ. ಅದು ಹಿಡಿದದ್ದನ್ನು ನಾವು ಚೆಲ್ಲಿದರೆ ತಪ್ಪು ನಮ್ಮದು.

ನಷ್ಟವೂ ಎಲ್ಲರಿಗೂ ಸಮನಾಗಿ ತಟ್ಟಲಿಲ್ಲವೆಂಬುದನ್ನು ವಾಚಕರು ಗಮನಿಸಬೇಕು. ನಾಟಕದ ಪುಸ್ತಕವಿದೆ, ಆದುದರಿಂದ ಕಾಂತ್ ಉಳಿದಳು. ಪೂರೊ ಮುಂದೆ ಬೇರೆ ಚಿತ್ರಗಳನ್ನು ಮಾಡಿದನು, ಆದುದರಿಂದ ಅವನೂ ಉಳಿದನು. ಮೂಕಚಿತ್ರದ ನಟಿಗೆ ಕಂಠವಿಲ್ಲ. ಕಣ್ಣು, ಕೈ, ಮೈಯ ನಿಲುವು, ಇಷ್ಟೇ ಆಕೆಯ ಭಾಷೆ. ಆ ಭಾಷೆಗೆ ಫಿಲ್ಮಿನ ಸುರುಳಿಯ ಹೊರತು ಬೇರೆ ಪುಸ್ತಕವಿಲ್ಲ. ಪೂರ್ಣಪ್ರತಿ ಹೋದಾಗ “ಸಿಲ್ವಿ”ಯಲ್ಲಿ ಹೆಚ್ಚಾಗಿ ಅಳಿದದ್ದು ರೋಸ್ವಾಲಳ ಪಾಲೇ.

“ಆಕೆ ಸಾಧಾರಣ ನಟಿಯಾಗಿದ್ದಿರಬಹುದು” ಎಂದರೆ, ಆಗಿದ್ದಿರಬಹುದು. ಆದರೆ ಹಾಗೆನ್ನುವುದಕ್ಕಾದರೂ ಪೂರ್ತಿಯಾಗಿ ನೋಡಿರಬೇಕಲ್ಲವೆ? ಸಾಕ್ಷ್ಯವನ್ನು ಕಳೆದವರಿಗೆ ತೀರ್ಪು ಹೇಳುವ ಅಧಿಕಾರವಿಲ್ಲ. “ಅವಳು ಮರೆತುಹೋದಳು” ಎಂಬ ಮಾತನ್ನು ಬಿಟ್ಟು “ನಾವು ಕಳೆದುಕೊಂಡೆವು” ಎನ್ನೋಣ. ಆಗಲಾದರೂ ಕೈಯಲ್ಲಿ ಉಳಿದಿರುವುದನ್ನು ಕಾಲದ ಪಾಲಿಗೆ ಬಿಡದೆ ಕಾಯುವ ಬುದ್ಧಿ ಬಂದೀತು.