ಯುದ್ಧ ಬಂದಾಗ ಮರೆತ ಕರುಣೆ

ಹೆಂಗಸರನ್ನು ಗಣಿಯ ಕತ್ತಲೆಯಿಂದ ಪಾರುಮಾಡಿದ್ದು ಬ್ರಿಟಿಷ್ ಸರ್ಕಾರದ ಕರುಣೆ ಎಂಬ ಮಾತು ಇನ್ನೂ ಕಿವಿಗೆ ಬೀಳುತ್ತದೆ. 1929ರ ನಿಯಮಗಳು ನೆಲದಡಿಯಲ್ಲಿ ಅವರ ದುಡಿಮೆಯನ್ನು ನಿಷೇಧಿಸಿದ್ದು ನಿಜ. ಆದರೆ ಕಲ್ಲಿದ್ದಲು ಗಣಿಗಳ ಮಾಲೀಕರಿಗೆ ಸಂಖ್ಯೆಯನ್ನು ನಿಧಾನಕ್ಕೆ ಇಳಿಸುವ ರಿಯಾಯಿತಿ ಸಿಕ್ಕಿತು. 1937ಕ್ಕೆ ನಿಷೇಧ ಪೂರ್ಣವಾಯಿತು.

ಝರಿಯಾ, ರಾಣಿಗಂಜ್‌ಗಳಲ್ಲಿ ಅವಳು ಮಾಡುತ್ತಿದ್ದುದೇನು? ಸಂತಾಲ, ಬೌರಿ ಮನೆಗಳ ಗಂಡಸು ಕಲ್ಲಿದ್ದಲು ಕಡಿದರೆ, ಹೆಂಡತಿಯೋ ತಂಗಿಯೋ ಅದನ್ನು ಬುಟ್ಟಿಯಲ್ಲಿ ಹೊತ್ತು ಗಾಡಿ ತುಂಬುತ್ತಿದ್ದರು. ಕೂಲಿ ಸಿಗುತ್ತಿದ್ದುದು ತುಂಬಿದ ಗಾಡಿಗೆ. ಹೊರುವವಳಿಲ್ಲದಿದ್ದರೆ ಕಡಿದದ್ದು ಬರೀ ರಾಶಿ. ಆದರೂ ಅವಳದು ‘ಗಂಡನಿಗೆ ನೆರವು’! ಅವಳನ್ನು ಮೇಲಕ್ಕೆ ಕಳಿಸಿದ ನಿಯಮಗಳು ಅವಳ ಕೂಲಿಗೆ ಬದಲಿ ಏನೆಂದು ಹೇಳಲಿಲ್ಲ.

ಈ ಕರುಣೆ ಎಷ್ಟು ಗಟ್ಟಿಯೆಂದು 1943ರಲ್ಲಿ ತಿಳಿಯಿತು. ಯುದ್ಧಕ್ಕೆ ಕಲ್ಲಿದ್ದಲು ಸಾಲದಾಯಿತು, ನಿಷೇಧ ತೆರವಾಯಿತು. ವೈಸರಾಯ್ ಮಂಡಳಿಯಲ್ಲಿ ಕಾರ್ಮಿಕ ಸದಸ್ಯರಾಗಿದ್ದ ಅಂಬೇಡ್ಕರ್ ಸಮಾನ ಕೆಲಸಕ್ಕೆ ಸಮಾನ ಕೂಲಿಯ ಷರತ್ತನ್ನು ಎತ್ತಿ ಹೇಳಿದರು. ಅದು ಸಣ್ಣ ಮಾತಲ್ಲ, ಆ ಶ್ರೇಯ ಅವರಿಗೆ ಸಲ್ಲಬೇಕು. ಆದರೆ ಯುದ್ಧ ಮುಗಿದು, 1946ರಲ್ಲಿ ಅವಳು ಮತ್ತೆ ‘ರಕ್ಷಣೆ’ಗೆ ಯೋಗ್ಯಳಾದಳು. ಅದೇ ಸುರಂಗ 1937ರಲ್ಲಿ ಅಪಾಯ, 1943ರಲ್ಲಿ ಅಲ್ಲ, 1946ರಲ್ಲಿ ಮತ್ತೆ ಅಪಾಯ. ಸುರಂಗವೇನು ಬದಲಾಗಿರಲಿಲ್ಲ.

ನೆಲದಡಿ ಇಳಿಯುವುದು ಸುಖವೆಂದು ನಾನು ಹೇಳುತ್ತಿಲ್ಲ. ಕುಸಿಯುವ ಛಾವಣಿಗೆ ಆಸರೆ ಕೊಟ್ಟು, ಗಾಳಿ ಆಡುವಂತೆ ಮಾಡಿ, ಕೂಲಿ ಹೆಚ್ಚಿಸುವುದಕ್ಕಿಂತ ಅವಳನ್ನು ಹೊರಗಟ್ಟುವುದು ಅಗ್ಗ. ಗಂಡಸು ಅದೇ ಛಾವಣಿಯ ಕೆಳಗೆ ಉಳಿದ.